ಆಷಾಢದ ಡೈರೆಕ್ಟರ್

ನನಗೀಗ ಹತ್ತೊಂಬತ್ತು ವರ್ಷ. ಇಷ್ಟು ಬೇಗ ಆತ್ಮಕಥೆ ಯಾಕೆ ಎಂದು ಕೇಳುವವರಿಗೆ ಒಂದೇ ಉತ್ತರ: ಹಾಲೇಶಿ. ಹಾಲೇಶಿ ನನ್ನ ಚಿಕ್ಕಪ್ಪನ ಮಗ, ನನಗಿಂತ ಬರೀ ಒಂದು ವರ್ಷ ದೊಡ್ಡವನು. ಈಗ ಬೆಂಗಳೂರಿನಲ್ಲಿ ಕರಾಟೆ, ಕುಂಗ್‌ಫೂ ಅಂತ ಹೊಡೆದಾಟದ ಸಿನಿಮಾ ತೆಗೆಯುವವರೊಬ್ಬರ ಹತ್ತಿರ ಸಹಾಯಕ ನಿರ್ದೇಶಕನಾಗಿದ್ದಾನೆ. ಕಥೆಯನ್ನೂ ಅವನೇ ಬರೆಯುತ್ತಾನಂತೆ. ಮೊನ್ನೆ ಪತ್ರಿಕೆಯವರೊಬ್ಬರು ಕೊಟ್ಟೂರಿನ ನಮ್ಮ ಮನೆಗೇ ಬಂದು ಅವನ ಬಾಲ್ಯದ ಬಗ್ಗೆ ಅಜ್ಜಿಯನ್ನು ವಿಚಾರಿಸಿದರು. ಅವನು ಹುಟ್ಟಿದ ಕೂಡಲೇ ಸೂಲಗಿತ್ತಿಗೆ ಒದ್ದ, ಅವಳು ಹೋಗಿ ಗೋಡೆಗೆ ಬಡಿದಳು ಎಂದು ಅಜ್ಜಿ ಹೇಳಿದಳು. ಅವರು ಅದನ್ನು ಬರೆದುಕೊಂಡರು. ಆಮೇಲೆ ಮನೆಯ ಫೋಟೋ ತೆಗೆಯುವಾಗ, ಬಾಗಿಲಲ್ಲಿ ತಲೆ ಬಾಚಿಕೊಂಡು ನಿಂತಿದ್ದ ನನಗೆ, ‘ಸ್ವಲ್ಪ ಪಕ್ಕಕ್ಕೆ ಸರಿಯಪ್ಪ’ ಎಂದರು. ಆ ಮನೆ ನಮ್ಮಪ್ಪನದು. ಅದರ ಬಗ್ಗೆ ಅವನು ಬರೆಯುವ ಮುನ್ನ ನಾನು ಬರೆದುಬಿಡಬೇಕು ಎಂದು ಅವತ್ತೇ ತೀರ್ಮಾನಿಸಿದೆ.

ನಮ್ಮ ಮನೆ ರೈಲಿನಂತೆ ಉದ್ದ. ಮುಂದಿನ ಕೋಣೆಯೇ ಅಪ್ಪನ ಸ್ಟುಡಿಯೋ. ಅಲ್ಲೊಂದು ಪರದೆ, ಅದರ ಮೇಲೆ ಜಲಪಾತ, ಎರಡು ಹಂಸ. ನಮ್ಮ ತಾಲೂಕಿನಲ್ಲಿ ಜಲಪಾತ ನೋಡದೆ ಸತ್ತವರಿರಬಹುದು, ಜಲಪಾತದ ಮುಂದೆ ಕೂತು ಫೋಟೋ ತೆಗೆಸಿಕೊಳ್ಳದೆ ಸತ್ತವರಿಲ್ಲ. ಅದರ ಹಿಂದೆ ಪಡಸಾಲೆ, ಅದರ ಹಿಂದೆ ಅಡುಗೆಮನೆ, ಕೊನೆಗೆ ಬೇವಿನ ಮರ ಇದ್ದ ಹಿತ್ತಲು. ಪಡಸಾಲೆಯಲ್ಲಿ ದೇವರ ಜಗಲಿ. ಆ ಜಗಲಿಯ ಮೇಲೆ, ಬಸವಣ್ಣನ ಪಕ್ಕದಲ್ಲಿ, ಅವ್ವನ ಹಳೇ ರೇಷ್ಮೆ ಸೀರೆಯ ತುಂಡು ಹೊದ್ದುಕೊಂಡು ಕೂತಿರುತ್ತಿತ್ತು ವಿಡಿಯೋ ಕ್ಯಾಮೆರಾ. ಅಪ್ಪ ಹೆಗಲ ಮೇಲೆ ಹೊತ್ತು ಮದುವೆ ಶೂಟಿಂಗ್ ಮಾಡುತ್ತಿದ್ದದ್ದು ಅದರಲ್ಲೇ. ಅವ್ವ ದಿನಾ ಬಸವಣ್ಣನಿಗೆ ಹಚ್ಚಿದ ಊದಿನಕಡ್ಡಿಯನ್ನೇ ಅದಕ್ಕೂ ಬೆಳಗುತ್ತಿದ್ದಳು. ಒಂದು ಸಲ ಭಕ್ತಿ ಹೆಚ್ಚಾಗಿ ಲೆನ್ಸಿಗೆ ವಿಭೂತಿ ಹಚ್ಚಿಬಿಟ್ಟಳು. ಆ ಸೀಸನ್ನಿನ ಮದುಮಕ್ಕಳೆಲ್ಲ ಮಂಜಿನೊಳಗೆ ನಿಂತಂತೆ ಬಂದರು. ಅಪ್ಪ ಊರು ಬಿಡುವುದೇ ಸರಿ ಎಂದುಕೊಂಡಿದ್ದ. ಜನ ಮಾತ್ರ, ‘ನಮಗೂ ಹಂಗ ಮಬ್ಬ ಬರಂಗ ತಗೀರಿ’ ಎಂದು ಕೂಡ್ಲಿಗಿಯಿಂದ ಬಂದು ಮುಂಗಡ ಕೊಟ್ಟು ಹೋದರು.

ನಾನು ಲೈಟು ಹಿಡಿಯುವವನು. ಅಪ್ಪ ಎಲ್ಲಿ ಕ್ಯಾಮೆರಾ ತಿರುಗಿಸುತ್ತಾನೋ ಅಲ್ಲಿಗೆ ನಾನು ಕೆಂಡದಂತೆ ಕಾಯುವ ಆ ಲೈಟನ್ನು ಎತ್ತಿ ಹಿಡಿಯಬೇಕು. ಮೊದಲ ದಿನವೇ ಒಬ್ಬ ಬೀಗರ ಮೀಸೆ ಸುಟ್ಟೆ. ಆದರೆ ನನ್ನ ಕಣ್ಣು ಇದ್ದದ್ದು ಲೈಟಿನ ಮೇಲಲ್ಲ. ಆ ಕ್ಯಾಮೆರಾವನ್ನು ಅಪ್ಪ ಒಂದು ದಿನ ತಾನಾಗಿ ಎತ್ತಿ ನನ್ನ ಹೆಗಲ ಮೇಲೆ ಇಡಬೇಕು. ನನಗೆ ಬೇಕಾಗಿದ್ದದ್ದು ಅಷ್ಟೇ. ಇಟ್ಟೇ ಇಡುತ್ತಾನೆ ಎಂಬ ನಂಬಿಕೆಯೂ ಇತ್ತು. ಯಾಕೆಂದರೆ ಇಡಲು ಮನೆಯಲ್ಲಿ ಬೇರೆ ಹೆಗಲಿರಲಿಲ್ಲ. ಹೀಗಿರುವಾಗ ಒಂದು ಬೇಸಿಗೆಯಲ್ಲಿ ಚಿಕ್ಕಪ್ಪ ತೆಲಿಗಿಯಿಂದ ಹಾಲೇಶಿಯನ್ನು ಕರೆದುಕೊಂಡು ಬಂದ. ಕೈಯಲ್ಲಿ ಟ್ರಂಕು, ಹೆಗಲ ಮೇಲೆ ಕಂಬಳಿ.

“ಅಣ್ಣ, ಇವ ಅಲ್ಲಿ ಇದ್ರ ಬರೀ ಕುರಿ ಹಿಂದ ಓಡ್ತಾನ. ನಿನ್ ಮನ್ಯಾಗ ಇದ್ದು ಸಾಲಿ ಕಲೀಲಿ.”

“ಇರ್ಲಿ ಬಿಡು. ಕೊಟ್ರನ ಜೋಡಿ ಇರ್ತಾನ.”

ನನ್ನ ಹೆಸರು ಕೊಟ್ರೇಶ. ನನ್ನ ಜೋಡಿ ಇರುತ್ತಾನೆ ಎಂದ ಅಪ್ಪ ಅವತ್ತೇ ರಾತ್ರಿ ಊಟಕ್ಕೆ ಅವನನ್ನು ತನ್ನ ಪಕ್ಕಕ್ಕೆ ಕೂರಿಸಿಕೊಂಡ. ಅಲ್ಲಿಯವರೆಗೂ ಅದು ನನ್ನ ಜಾಗ. ಅಜ್ಜಿ ಹಾಲಿನ ಕೆನೆಯನ್ನು ಬೆರಳಲ್ಲಿ ಬಳಿದು ಅವನ ರೊಟ್ಟಿಗೆ ಹಾಕಿದಳು. ಅಲ್ಲಿಯವರೆಗೂ ಅದು ನನ್ನ ಕೆನೆ. ಅವ್ವ ಎಣ್ಣೆಗಾಯಿಯ ದೊಡ್ಡ ಬದನೆಕಾಯಿಯನ್ನು ಅವನಿಗೆ ಬಡಿಸಿ, ತೊಟ್ಟನ್ನು ನನಗೆ ಬಡಿಸಿದಳು. (ತೊಟ್ಟಿನ ಜೊತೆ ಸ್ವಲ್ಪ ಕಾಯಿಯೂ ಇತ್ತು ಎಂದು ಅವ್ವ ಈಗಲೂ ವಾದಿಸುತ್ತಾಳೆ. ನನಗೆ ನೆನಪಿರುವುದು ತೊಟ್ಟು ಮಾತ್ರ.) ಅವನು ಏನನ್ನೂ ಕೇಳುತ್ತಿರಲಿಲ್ಲ, ಅದೇ ನನ್ನ ಹೊಟ್ಟೆ ಉರಿಸಿದ್ದು. ಕೇಳಿದ್ದರೆ, ‘ನೋಡ್ರಿ, ಎಂಥಾ ಆಸಿಬುರುಕ’ ಎನ್ನಬಹುದಿತ್ತು. ಬಂದ ವಾರದಲ್ಲೇ ಹಿತ್ತಲಲ್ಲಿ ಬೇವಿನ ಕೊಂಬೆಗೆ ಕಾಲು ತಾಗಿಸಿದ. ಕೈಯಲ್ಲ, ಕಾಲು. ತೆಲಿಗಿಯಲ್ಲಿ ಕುರಿ ಅಡ್ಡಗಟ್ಟಲು ಬೇಲಿ ಹಾರಿ ಹಾರಿ ಅಭ್ಯಾಸವಂತೆ. ನಾನೂ ಹಾರಿದೆ. ನನ್ನ ಕಾಲು ಬಚ್ಚಲ ಹಂಡೆಗೆ ತಾಗಿತು. ಹಂಡೆಗೆ ಬಿದ್ದ ತಗ್ಗು ಇನ್ನೂ ಇದೆ, ಬೇಕಾದವರು ಬಂದು ನೋಡಬಹುದು.

ಸಂತೆ ಬಜಾರಿನ ಹತ್ತಿರ ಟಿವಿ ಇಟ್ಟು ವಿಡಿಯೋ ಸಿನಿಮಾ ತೋರಿಸುವ ಕೋಣೆಯೊಂದಿತ್ತು. ಅಲ್ಲಿಗೆ ಅವನನ್ನು ಮೊದಲು ಕರೆದುಕೊಂಡು ಹೋದವನು ನಾನೇ. ಚೀನಾದವರ ಹೊಡೆದಾಟ, ಮಾತು ಒಂದೂ ತಿಳಿಯುವುದಿಲ್ಲ, ಏಟು ಎಲ್ಲ ತಿಳಿಯುತ್ತವೆ. ನಾನು ನೋಡಿ ಬಂದು ಮಲಗಿದೆ. ಹಾಲೇಶಿ ನೋಡಿ ಬಂದು ಅವ್ವನ ಹತ್ತಿರ ಅಡುಗೆಮನೆಯಲ್ಲಿ ಕೂತು, ಯಾವ ಏಟಿನಲ್ಲಿ ಕ್ಯಾಮೆರಾ ಎಲ್ಲಿತ್ತು, ಬಿದ್ದವನ ಮುಖ ಯಾವಾಗ ತೋರಿಸಿದರು ಎಂದು ಹಿಟ್ಟಿನ ಉಂಡೆ ಇಟ್ಟು ವಿವರಿಸಿದ. ಅವ್ವ ಖಳನಾಯಕನನ್ನು ತಟ್ಟಿ ರೊಟ್ಟಿ ಮಾಡಿದಳು. ಪಡಸಾಲೆಯಲ್ಲಿ ಕೂತು ಅಪ್ಪ ಎಲ್ಲವನ್ನೂ ಕೇಳಿಸಿಕೊಂಡನೆಂದು ನನಗೆ ಗೊತ್ತಾದದ್ದು ಆಷಾಢ ಬಂದಾಗ.

ಆಷಾಢದಲ್ಲಿ ಮದುವೆಗಳಿಲ್ಲ. ಆದರೆ ಮಳೆಗಾಲದಲ್ಲಿ ಕ್ಯಾಮೆರಾ ಸುಮ್ಮನೆ ಕೂತರೆ ಲೆನ್ಸಿಗೆ ಬೂಷ್ಟು ಹಿಡಿಯುತ್ತದೆ. ಎತ್ತುಗಳನ್ನು ಹೊರಗೆ ಅಡ್ಡಾಡಿಸುವಂತೆ ಅದನ್ನೂ ಆಗಾಗ ಓಡಿಸಬೇಕು. ಪ್ರತಿ ವರ್ಷ ಅಪ್ಪ ಹಿತ್ತಲಿನ ಬೇವಿನ ಮರವನ್ನೇ ತೆಗೆಯುತ್ತಿದ್ದ. ಆ ವರ್ಷ ಕ್ಯಾಮೆರಾವನ್ನು ಜಗಲಿಯಿಂದ ಇಳಿಸಿ, ಸೀರೆ ತುಂಡು ಬಿಚ್ಚಿ ಕರೆದ:

“ಹಾಲೇಶಪ್ಪ, ಬಾರಪ್ಪ ಇಲ್ಲಿ. ಅದೇನೋ ಹೊಡೆದಾಟ ಅಂತಿದ್ದಲ್ಲ, ತಗಿ ನೋಡೋಣ. ಗಿಡ ತಗದು ತಗದು ನನಗೂ ಬ್ಯಾಸರಾಗೈತಿ.”

“ಅಪ್ಪ, ನಾನು?”

“ನೀನು ಲೈಟ್ ಹಿಡಿ, ಕತ್ತಿ.”

ನಮ್ಮ ಕಡೆ ಕತ್ತಿ ಎಂದರೆ ಕತ್ತೆ. ಅವನು ಹಾಲೇಶಪ್ಪ, ನಾನು ಕತ್ತಿ. ಕ್ಯಾಮೆರಾ ಅವನ ಹೆಗಲ ಮೇಲೆ ಕೂತಿತು. ಅದು ಅಲ್ಲೇ ಹುಟ್ಟಿದ್ದೇನೋ ಎಂಬಂತೆ ಕೂತಿತು ಎಂದು ಅಜ್ಜಿ ಬೇರೆ ಹೇಳಿದಳು. ನಾನು ಸುಮ್ಮನಿರಲಿಲ್ಲ, ಕಥೆ ನನ್ನದೇ ಇರಬೇಕೆಂದು ಹಟ ಹಿಡಿದೆ. ಅಪ್ಪನನ್ನು ಕೊಂದವರ ಮೇಲೆ ಮಗ ಸೇಡು ತೀರಿಸಿಕೊಳ್ಳುವ ಕಥೆ. ಜಗತ್ತಿನಲ್ಲಿ ಇದನ್ನು ಮೊದಲು ಯೋಚಿಸಿದವನು ನಾನೇ ಎಂಬುದು ಆಗಿನ ನನ್ನ ಅಭಿಪ್ರಾಯ. ನಾಯಕ ನಾನೇ ಎಂದೂ ಹೇಳಿದೆ. ಹಾಲೇಶಿ ನನ್ನನ್ನು ಮೇಲಿನಿಂದ ಕೆಳಗಿನವರೆಗೆ ನೋಡಿ, ‘ಸತ್ತ ಅಪ್ಪನ ಪಾರ್ಟಿಗೆ ನೀನು ಭಾಳ ಚಲೋ ಹೊಂದ್ತೀ’ ಎಂದ. ನಾಯಕ ಅವನೇ ಆದ. ಅವನು ಒದೆಯುವಾಗ ಅಪ್ಪ ಕ್ಯಾಮೆರಾ ಹಿಡಿಯುತ್ತಿದ್ದ, ಅವನು ಹೇಳಿದ ಕಡೆ ನಿಂತು. ನಮ್ಮಪ್ಪ, ಅವನು ಹೇಳಿದ ಕಡೆ! ನಾನು ಅಜ್ಜಿಯ ಹತ್ತಿಯ ಗಡ್ಡ ಕಟ್ಟಿಕೊಂಡು ಮೊದಲ ದೃಶ್ಯದಲ್ಲೇ ಸತ್ತೆ. ಸತ್ತ ಮೇಲೆ ನನ್ನ ಫೋಟೋಕ್ಕೆ ಹಾರ ಹಾಕಿ ಪಡಸಾಲೆಯ ಗೋಡೆಗೆ ತೂಗುಹಾಕಿದರು. ನೀರು ತುಂಬಿಕೊಂಡು ಬಂದ ಅವ್ವ ಅದನ್ನು ನೋಡಿದಳು, ಕೊಡ ಅಲ್ಲೇ ಬಿಟ್ಟಳು.

“ಬದುಕಿರೋ ಮಗನ ಫೋಟೋಕ್ಕ ಹಾರ ಹಾಕೀರಲ್ರಿ! ನಿಮ್ಮ ಕ್ಯಾಮೆರಾಕ್ಕ ಬೆಂಕಿ ಹಾಕ!”

“ಆಕ್ಟಿಂಗ್ ಲೇ ಅದು, ಸುಮ್ನಿರು.”

“ಆಕ್ಟಿಂಗ್ ಇದ್ರ ನಿಮ್ಮ ಫೋಟೋಕ್ಕ ಹಾಕ್ಕೊಳ್ರಿ!”

ಎರಡು ದಿನ ಮನೆಯಲ್ಲಿ ಒಲೆ ಮಾತ್ರ ಮಾತಾಡಿತು. ಅವ್ವ ಉಪ್ಪು ಮೆಣಸಿನಕಾಯಿ ಇಳಿಸಿ ನನ್ನ ದೃಷ್ಟಿ ತೆಗೆದಳು. ಆ ಮನೆಯಲ್ಲಿ ನನ್ನ ಪರ ಯಾರಾದರೂ ಜಗಳವಾಡಿದ್ದು ಅದೊಂದೇ ಸಲ. ಇನ್ನೊಂದೆರಡು ದಿನ ಸತ್ತಿರಬಾರದಿತ್ತೇ ಎನಿಸಿತು. ಮೂರನೆಯ ದಿನ ಹಾಲೇಶಿ ಅವ್ವನನ್ನೂ ಒಲಿಸಿಕೊಂಡ. ನಾಯಕ ಗುರುವಿನ ಮನೆಯಲ್ಲಿ ವಿದ್ಯೆ ಕಲಿಯುವ ದೃಶ್ಯಗಳಿದ್ದವಲ್ಲ, ಆ ವಿದ್ಯೆಯೆಲ್ಲ ಮನೆಗೆಲಸ ಎಂದು ಬದಲಾಯಿಸಿದ. ಖಾರ ಕುಟ್ಟಿದರೆ ಮುಷ್ಟಿ ಗಟ್ಟಿ, ನೀರು ಹೊತ್ತರೆ ಭುಜ ಗಟ್ಟಿ. ಅವ್ವ ಬೆಳಿಗ್ಗೆ ಎದ್ದ ಕೂಡಲೇ, ‘ಇವತ್ತು ಟ್ರೈನಿಂಗ್ ಐತೇನಪ್ಪ? ಹಂಗಾದ್ರ ಎರಡು ಸೇರು ಶೇಂಗಾ ಸುಲೀರಿ’ ಎನ್ನತೊಡಗಿದಳು. ಟ್ರೈನಿಂಗು ಅವನದು, ಕ್ಯಾಮೆರಾ ನಿಂತ ಮೇಲೆ ಉಳಿದ ಶೇಂಗಾ ನನ್ನದು.

ತೊಂದರೆ ಶುರುವಾದದ್ದು ಹೊಡೆದಾಟದಲ್ಲಿ. ಖಳನಾಯಕ, ನಮ್ಮ ಬೀದಿಯ ಮಿರ್ಚಿ ಮಂಡಕ್ಕಿ ಸಿದ್ದಣ್ಣ. ಅವನ ಕಡೆಯವರು, ಮಂಡಕ್ಕಿ ತಿನ್ನಲು ಬಂದವರೆಲ್ಲರೂ. ಇವರೆಲ್ಲ ಅಪ್ಪನ ಕ್ಯಾಮೆರಾದ ಮುಂದೆ ನಿಂತು ಪಳಗಿದವರು, ಆದರೆ ಮದುವೆಗಳಲ್ಲಿ. ಲೈಟು ಮುಖಕ್ಕೆ ಬಿದ್ದರೆ ಅಲುಗಬಾರದು, ನಗಬೇಕು, ಲೈಟು ಸರಿಯುವವರೆಗೂ ಹಾಗೇ ಇರಬೇಕು. ಇಲ್ಲದಿದ್ದರೆ ಕ್ಯಾಸೆಟ್ಟಿನಲ್ಲಿ ಬರುವುದಿಲ್ಲ ಎಂಬುದು ಇಡೀ ಊರಿನ ನಂಬಿಕೆ. ಹಾಲೇಶಿ ಕಿರುಚುತ್ತಾ ಹಾರಿದ, ನಾನು ಲೈಟು ಎತ್ತಿದೆ. ಕೊಲೆಗಾರರೆಲ್ಲ ದೊಣ್ಣೆ ಕೆಳಗಿಟ್ಟು, ಅಂಗಿ ಜಗ್ಗಿಕೊಂಡು, ಸಾಲಾಗಿ ನಿಂತು ನಕ್ಕರು. ಒದೆಸಿಕೊಂಡು ಬಿದ್ದ ಸಿದ್ದಣ್ಣ ಬಿದ್ದಲ್ಲೇ ಕೈ ಮುಗಿದು ಕ್ಯಾಮೆರಾ ಕಡೆ ನೋಡುತ್ತಿದ್ದ. ಅಜ್ಜಿ ರೊಟ್ಟಿಯ ಬುಟ್ಟಿ ಹಿಡಿದು ಹಿತ್ತಲಿಗೆ ಬಂದವಳು ಯುದ್ಧದ ನಡುವೆ ಲೈಟಿಗೆ ಸಿಕ್ಕಿ ಕಂಬದಂತೆ ನಿಂತುಬಿಟ್ಟಳು.

“ಅಜ್ಜಿ, ಸರೀ ಬೇ!”

“ಲೈಟ್ ತಗಸೋ ಮೊದ್ಲು. ಆಮೇಲೆ ಅರ್ಧ ಮಾರಿ ಬಂದ್ರ ಏನು ಮಾಡ್ಲಿ?”

ನನಗೆ ಆಗ ತಿಳಿಯಿತು: ಈ ಸಿನಿಮಾದ ನಿಜವಾದ ಡೈರೆಕ್ಟರ್ ನಾನು. ನಾನು ಲೈಟು ಎತ್ತಿದರೆ ಕೊಟ್ಟೂರು ನಿಲ್ಲುತ್ತದೆ, ಇಳಿಸಿದರೆ ಓಡುತ್ತದೆ. ಆ ಖುಷಿ ಒಂದು ಮಧ್ಯಾಹ್ನ ಇತ್ತು. ಮಾರನೆಯ ಬೆಳಿಗ್ಗೆ ಹಾಲೇಶಿ ಅಪ್ಪನಿಗೆ ಹೇಳಿದ: ‘ದೊಡ್ಡಪ್ಪ, ಲೈಟ್ ಬ್ಯಾಡ. ಬಿಸಿಲಾಗ ತಗಿಯೋಣ.’ ಲೈಟಿಲ್ಲದ್ದರಿಂದ ಕ್ಯಾಮೆರಾ ಓಡುತ್ತಿದೆ ಎಂದೇ ಯಾರಿಗೂ ಅನಿಸಲಿಲ್ಲ. ಸಿದ್ದಣ್ಣ ನಿಜವಾಗಿ ಬೈದ, ನಿಜವಾಗಿ ಓಡಿದ, ನಿಜವಾಗಿ ಸಗಣಿಗುಂಡಿಗೆ ಬಿದ್ದ. ಅಪ್ಪ ಕ್ಯಾಮೆರಾದಿಂದ ಕಣ್ಣು ತೆಗೆದು, ‘ತಲಿ ಅಂದ್ರ ಇದು ನೋಡು’ ಎಂದ. ನಾನು ಆರಿದ ಲೈಟು ಹಿಡಿದುಕೊಂಡು ನಿಂತಿದ್ದೆ. ಇಡೀ ಸಿನಿಮಾದಲ್ಲಿ ಕೆಲಸ ಕಳೆದುಕೊಂಡವನು ನಾನೊಬ್ಬನೇ.

ಅದನ್ನು ತೆಗೆದದ್ದು ಯಾರೂ ಬಿಡಿಸಿಕೊಂಡು ಹೋಗದ ಹಳೆಯ ಕ್ಯಾಸೆಟ್ಟಿನ ಮೇಲೆ. ಹಡಗಲಿ ಕಡೆಯ ಒಂದು ನಿಶ್ಚಿತಾರ್ಥ. ಸಂಬಂಧ ಮುರಿದು ಕ್ಯಾಸೆಟ್ಟು ನಮ್ಮಲ್ಲೇ ಉಳಿದಿತ್ತು. ಎರಡು ಹೊಡೆದಾಟಗಳ ನಡುವೆ ಆ ಹುಡುಗಿ ಒಂದು ಕ್ಷಣ ಮಿಂಚಿ ಮರೆಯಾಗುತ್ತಿದ್ದಳು. ಪಡಸಾಲೆಯ ಟಿವಿಯಲ್ಲಿ ಹಾಕಿದ ದಿನ ಕಿಟಕಿಯ ಸರಳಿಗೆ ಜನ ಜೋತುಬಿದ್ದಿದ್ದರು. ಅವಳನ್ನು ನಾಯಕಿ ಎಂದುಕೊಂಡು, ನಾಯಕ ಅವಳನ್ನು ನೆನೆಸಿಕೊಂಡಾಗಲೆಲ್ಲ ಜೋರಾಗಿ ಒದೆಯುತ್ತಾನೆ ಎಂದು ಅವರವರೇ ಅರ್ಥ ಮಾಡಿಕೊಂಡರು. ‘ಎಂಥಾ ಕಥಿ ಬರದಾನ ಹಾಲೇಶಿ!’ ಎಂದರು. ಬರೆದವನು ನಾನು ಎಂದು ಕೂಗಿ ಹೇಳಿದೆ. ಮುಂದೆ ಕೂತವರು, ‘ಸತ್ತ ಅಪ್ಪ ಮಾತಾಡಾಕತ್ಯಾನ, ಸುಮ್ನ ಕೂಡ್ರಸ್ರಿ ಅವನ್ನ’ ಎಂದು ನಕ್ಕರು. ಮುಂದಿನ ಆಷಾಢಕ್ಕೆ ಇನ್ನೊಂದು, ಅದರ ಮುಂದಿನದಕ್ಕೆ ಮತ್ತೊಂದು. ಅರಸೀಕೆರೆಯಿಂದ, ಹರಪನಹಳ್ಳಿಯಿಂದ ಹುಡುಗರು ಬಸ್ಸು ಹತ್ತಿ ಬಂದು, ನಮ್ಮನ್ನೂ ಒದೀರಿ ಎಂದು ಹಿತ್ತಲ ಬಾಗಿಲಲ್ಲಿ ನಿಲ್ಲುತ್ತಿದ್ದರು. ನಾನು ಪ್ರತಿ ಸಿನಿಮಾದಲ್ಲೂ ಮೊದಲ ದೃಶ್ಯದಲ್ಲೇ ಸತ್ತೆ. ಮೂರನೆಯ ಸಲ ಸಾಯುವ ಹೊತ್ತಿಗೆ ನನಗೂ ಒಂದು ಹೆಸರು ಬಂದಿತ್ತು, ಆದರೆ ಅದು ಹೇಳಿಕೊಳ್ಳುವಂಥ ಹೆಸರಲ್ಲ.

ಆಮೇಲೆ ಅಪ್ಪನಿಗೆ ಕಾಮಾಲೆ ಆಯಿತು. ಹಾಸಿಗೆ ಬಿಟ್ಟು ಏಳುವಂತಿರಲಿಲ್ಲ. ಹಗರಿಬೊಮ್ಮನಹಳ್ಳಿಯಲ್ಲಿ ಒಂದು ದೊಡ್ಡ ಮದುವೆ ಒಪ್ಪಿಕೊಂಡಾಗಿತ್ತು. ಅಪ್ಪ ಹಳದಿ ಕಣ್ಣಿಂದ ನಮ್ಮಿಬ್ಬರನ್ನೂ ನೋಡಿದ. ಈ ಸಲ ಆಟವಲ್ಲ, ಮನೆತನದ ಕಸುಬು; ಮಗನಿಗೇ ಕೊಡುತ್ತಾನೆ ಎಂದು ನಾನು ಹೆಗಲು ಒರೆಸಿಕೊಂಡೆ ಕೂಡ. ‘ಹಾಲೇಶಪ್ಪ, ಕ್ಯಾಮೆರಾ ನೀ ಹಿಡಿಯಪ್ಪ. ಕೊಟ್ರ, ಲೈಟ್’ ಎಂದು ಗೋಡೆಯ ಕಡೆ ತಿರುಗಿ ಮಲಗಿದ. ಬಸ್ಸಿನಲ್ಲಿ ಹಾಲೇಶಿ ಕ್ಯಾಮೆರಾವನ್ನು ತೊಡೆಯ ಮೇಲೆ ಕೂಸಿನಂತೆ ಇಟ್ಟುಕೊಂಡಿದ್ದ. ಕಿಟಕಿಯ ಕಡೆ ಮುಖ ಮಾಡಿ ಹೇಳಿದ:

“ಕೊಟ್ರ, ನಾ ಬಂದು ಇಷ್ಟು ವರ್ಷ ಆತು. ದೊಡ್ಡಪ್ಪ ನನಗ ಒಂದ್ಸಲ ಲೇ ಅಂದಿಲ್ಲ ನೋಡು.”

“ಗೊತ್ತೈತಿ ಬಿಡಲೇ. ಅದನ್ನ ಬ್ಯಾರೆ ಹೇಳಿ ಮೆರೀತಿಯೇನು?”

“ಮೆರಿಯಾಕತ್ತಿಲ್ಲ. ಬೀಗರಿಗೆ ಮಾತಾಡ್ಸಿದಂಗ ಮಾತಾಡ್ತಾನ. ನಿನಗಾದ್ರ ಬಾಯಿತುಂಬ ಬೈತಾನ.”

ಇಂಥ ಜಂಬವನ್ನು ನಾನು ಜೀವಮಾನದಲ್ಲಿ ಕೇಳಿರಲಿಲ್ಲ. ಮಾತು ಬಿಟ್ಟೆ. ಮದುವೆಯಲ್ಲಿ ಬೆಳಗಿನಿಂದ ಎಲ್ಲ ಸರಿಯಾಗಿಯೇ ನಡೆಯಿತು. ತಾಳಿ ಕಟ್ಟುವ ಹೊತ್ತು ಬಂತು. ವಾಲಗದವರು ಗಟ್ಟಿಮೇಳ ಎತ್ತಿದರು, ಅಕ್ಕಿಕಾಳು ಹಾರತೊಡಗಿದವು. ಆ ಸದ್ದು ಹಾಲೇಶಿಯ ತಲೆಗೇರಿತು. ಮದುಮಗನ ಕಣ್ಣು ತೆಗೆದ. ಚಕ್ಕನೆ ತಿರುಗಿ ಮದುಮಗಳ ಕಣ್ಣು ತೆಗೆದ. ನೆಲಕ್ಕೆ ಮಂಡಿಯೂರಿ ಮದುಮಗನ ಸೋದರಮಾವನ ಮೀಸೆ ತೆಗೆದ, ಅಲ್ಲಿಂದ ಅವನ ಬಿಗಿದ ಮುಷ್ಟಿಗೆ ಹೋದ. ಮುಷ್ಟಿಯಲ್ಲಿ ಅಕ್ಕಿ ಇತ್ತು, ಆದರೆ ನೋಡಿದರೆ ಕೊಲ್ಲುವಂತಿತ್ತು. ಅಕ್ಕಿಕಾಳಿನ ಮಳೆಯೊಳಗೆ ಮಂಟಪ ಸುತ್ತಿ ಓಡಿ, ಕೊನೆಗೆ ಕ್ಯಾಮೆರಾ ಮದುಮಗಳ ಕೊರಳಿಗೆ ಬಂದಾಗ ತಾಳಿ ಕಟ್ಟಿ ಆಗಿತ್ತು. ನಾನು? ನಾನು ಅಪ್ಪ ಕಲಿಸಿದಂತೆ ಮೊದಲಿನಿಂದ ಕೊನೆಯವರೆಗೂ ಲೈಟನ್ನು ಮದುಮಗಳ ಕೊರಳ ಮೇಲೇ ಹಿಡಿದಿದ್ದೆ. ಅವನು ಎಡವಟ್ಟು ಮಾಡುತ್ತಿರುವುದು ಕಣ್ಣಿಗೆ ಕಾಣುತ್ತಿತ್ತು. ಲೇ, ಇತ್ಲಾಗ, ಇತ್ಲಾಗ ಎಂದು ಕೂಗಿದೆ ಕೂಡ. ವಾಲಗದ ಮುಂದೆ ಯಾರು ಕೇಳುತ್ತಾರೆ?

ಅಪ್ಪ ಎದ್ದು ಓಡಾಡುವಂತಾದ ಮೇಲೆ ಹೆಣ್ಣಿನ ಕಡೆಯವರು ನಮ್ಮ ಪಡಸಾಲೆಯಲ್ಲೇ ಕ್ಯಾಸೆಟ್ಟು ನೋಡಲು ಬಂದರು. ಸೋದರಮಾವ ತನ್ನ ಮೀಸೆ ನೋಡಿ, ‘ನಾನಾ ಇದು!’ ಎಂದು ಎದ್ದು ನಿಂತ. ಹುಡುಗಿಯ ತಾಯಿ ಮಾತ್ರ ಟಿವಿಯ ಹತ್ತಿರ ಹತ್ತಿರ ಸರಿದು, ‘ತಾಳಿ ಕಟ್ಟಿದ್ದು ಎಲ್ಲೈತ್ರೀ? ನನ್ ಮಗಳ ತಾಳಿ ಎಲ್ಲೈತಿ?’ ಎಂದು ಅತ್ತಳು. ಅಪ್ಪ ಕೈ ಮುಗಿದ. ಮದುಮಕ್ಕಳನ್ನು ಗುಡಿಗೆ ಕರೆಸಿ ಇನ್ನೊಂದು ಕ್ಯಾಸೆಟ್ಟು ಪುಕ್ಕಟೆ ಮಾಡಿಕೊಡುವುದಾಗಿ ಹೇಳಿದ. ತಾಳಿಯನ್ನು ಎರಡನೇ ಸಲ ಕಟ್ಟಿಸಲು ಬರುವುದಿಲ್ಲ ಎಂಬುದು ಎಲ್ಲರಿಗೂ ಗೊತ್ತಿತ್ತು. ಅವರು ಚಹಾ ಮುಟ್ಟದೆ ಹೋದರು. ನಾನು ಗೋಡೆಗೆ ಒರಗಿ ಎದೆ ಉಬ್ಬಿಸಿ ನಿಂತೆ. ಕ್ಯಾಮೆರಾ ಕೊನೆಗೆ ಬಂದಾಗ, ಕೊರಳ ಮೇಲೆ ಅಲುಗದೆ ನಿಂತ ಬೆಳಕು ಸ್ಪಷ್ಟವಾಗಿ ಕಾಣುತ್ತಿತ್ತು. ಇನ್ನೇನು, ಕ್ಯಾಮೆರಾ ನನ್ನದೇ.

“ಲೇ ಹಾಲ್ಯಾ!”

ಅಡುಗೆಮನೆಯಲ್ಲಿ ಅವ್ವನ ಕೈಯಿಂದ ಲಟ್ಟಣಿಗೆ ಬಿತ್ತು.

“ಕತ್ತಿ ಕಾಯೋನೇ! ಮೀಸಿ ನೋಡಾಕ ಕಳಿಸಿದ್ನೇನಲೇ ನಿನ್ನ? ಕಣ್ಣು ಎಲ್ಲಿಟ್ಟಿದ್ದಿ? ಮನಿ ಮಾನ ಕಳದೆಲ್ಲಲೇ! ಹೊರಗಿನವ ಮಾಡಿದ್ರ ಕೇಳತಿದ್ದಿಲ್ಲ. ನಮ್ಮ ಮನಿ ಹುಡುಗ ಆಗಿ ನೀ ಹಿಂಗ ಮಾಡ್ತಿಯಲ್ಲಲೇ!”

ಅಷ್ಟು ಉದ್ದದ ಬೈಗುಳ ನನಗೇ ಯಾವತ್ತೂ ಸಿಕ್ಕಿರಲಿಲ್ಲ. ಒಂದೊಂದೂ ಹೊಸದು, ಕಾಮಾಲೆಯಲ್ಲಿ ಮಲಗಿ ಕೂಡಿಟ್ಟವು. ಹಾಲೇಶಿ ತಲೆ ತಗ್ಗಿಸಿ ನಿಂತಿದ್ದ, ಕಿವಿ ಕೆಂಪಗಾಗಿತ್ತು. ನಾನು ಬಗ್ಗಿ ನೋಡಿದೆ. ಅವನ ತುಟಿ ತಡೆಯಲಾಗದೆ ನಗುತ್ತಿತ್ತು. ಬಸ್ಸಿನಲ್ಲಿ ಅವನು ಹೇಳಿದ್ದು ನೆನಪಾಯಿತು.

“ಅಪ್ಪ, ಹಂಗ ತಗಿ ಅಂತ ಹೇಳಿದ್ದು ನಾನು. ಅದು ನನ್ನ ಐಡಿಯಾ.”

“ನೀನು ಸುಮ್ನಿರಪ್ಪ. ನೀನು ಲೈಟ್ ಸರಿಯಾಗಿ ಹಿಡದೀ.”

ಇಷ್ಟೇ. ಒಂದು ಲೇ ಇಲ್ಲ, ಕತ್ತಿ ಇಲ್ಲ. ನನ್ನ ಕಡೆ ಪೂರ್ತಿ ತಿರುಗಲೂ ಇಲ್ಲ. ಜಗಲಿಯಿಂದ ಕ್ಯಾಮೆರಾ ಇಳಿಸಿ ಹಾಲೇಶಿಯ ಹೆಗಲ ಮೇಲೆ ಕುಕ್ಕಿದ. ಅವನ ಕತ್ತು ಹಿಡಿದು, ಹೀಗೆ ನಿಲ್ಲಬೇಕು, ಒಂದು ಕಣ್ಣು ಒಳಗೆ, ಒಂದು ಕಣ್ಣು ಹೊರಗೆ ಎಂದು ತಿರುವಿದ. ನನಗೆ ಯಾವತ್ತೂ ಹೇಳಿಕೊಡದ ಗುಟ್ಟುಗಳೆಲ್ಲ ಬೈಗುಳದ ಜೊತೆ ಹೊರಗೆ ಬಂದವು. ತಾಳಿ ಕಟ್ಟುವುದನ್ನು ಈಗಿಂದೀಗಲೇ ತೆಗೆದು ತೋರಿಸಬೇಕೆಂದ. ಅದಕ್ಕೊಬ್ಬ ಮದುಮಗಳು ಬೇಕಾಗಿತ್ತು. ಅಜ್ಜಿ ತನ್ನ ಸೀರೆಯೊಂದನ್ನು ತಂದು ನನ್ನ ತಲೆಯ ಮೇಲೆ ಹೊದಿಸಿದಳು. ಅವ್ವ ದಾರಕ್ಕೆ ಅರಿಸಿನದ ಕೊಂಬು ಕಟ್ಟಿ ನನ್ನ ಹಿಂದೆ ನಿಂತಳು. ನಾನು ಹಂಸಗಳ ಪರದೆಯ ಮುಂದೆ ಕೂತೆ. ಎದುರಿಗೆ ಕ್ಯಾಮೆರಾ, ಅದರ ಹಿಂದೆ ಹಾಲೇಶಿ, ಅವನ ಕತ್ತಿನ ಮೇಲೆ ಅಪ್ಪನ ಕೈ. ಆ ಕೈ ನೋಡುತ್ತಾ ನೋಡುತ್ತಾ ನನ್ನ ಕಣ್ಣು ತುಂಬಿ ಹರಿಯತೊಡಗಿತು.

“ದೊಡ್ಡಪ್ಪ, ಕೊಟ್ರ ಅಳಾಕತ್ಯಾನ.”

“ಅಳ್ಲಿ ಬಿಡಲೇ, ಮದುಮಗಳು ಅಂದ್ರ ಅಳಬೇಕು. ಜೂಮ್ ಮಾಡು!”